ಹಿಮನದಿಯ ಪಾಠ ಮಾಡಿದವಳು ಹಿಮನದಿ ನೋಡಿದ್ದು

ಮೂವತ್ತೊಂದು ವರ್ಷ ನಾನು ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಕಲಿಸಿದೆ. ಭೂಸ್ವರೂಪಗಳ ಪಾಠ ಬಂದಾಗಲೆಲ್ಲ ಕರಿಹಲಗೆಯ ಮೇಲೆ ಎರಡು ಕಣಿವೆಗಳನ್ನು ಬರೆಯುತ್ತಿದ್ದೆ. ನದಿ ಕೊರೆದದ್ದು ಇಂಗ್ಲಿಷಿನ ‘ವಿ’ ಅಕ್ಷರದಂತೆ, ಹಿಮನದಿ ಕೊರೆದದ್ದು ‘ಯು’ ಅಕ್ಷರದಂತೆ. ತೀರ್ಥಹಳ್ಳಿಯ ಕಡೆಯ ಮಕ್ಕಳಿಗೆ ಮೊದಲನೆಯದನ್ನು ವಿವರಿಸುವ ಅಗತ್ಯವೇ ಇರಲಿಲ್ಲ, ಏಕೆಂದರೆ ಅದು ಅವರ ಮನೆಯ ಹಿಂದೆಯೇ ಇತ್ತು. ಎರಡನೆಯದನ್ನು ಮಾತ್ರ ಅವರೂ ನೋಡಿರಲಿಲ್ಲ, ನಾನೂ ನೋಡಿರಲಿಲ್ಲ. ಯಾವ ಹುಡುಗನೂ ‘ಟೀಚರ್, ನೀವು ನೋಡಿದ್ದೀರಾ’ ಎಂದು ಕೇಳಲಿಲ್ಲವಾದ್ದರಿಂದ ನನ್ನ ಮಾನ ಉಳಿಯಿತು.

ಕಳೆದ ವರ್ಷ, ಅಂದರೆ 2025ರ ಬೇಸಿಗೆಯಲ್ಲಿ, ಕೆನಡಾದ ಕ್ಯಾಲ್ಗರಿಯಲ್ಲಿರುವ ಮಗಳ ಮನೆಗೆ ನಾವಿಬ್ಬರೂ ಹೋಗಿದ್ದೆವು. ಅಲ್ಲಿಂದ ರಾಕಿ ಪರ್ವತಗಳು ಕಣ್ಣಿಗೆ ಕಾಣುವಷ್ಟು ಹತ್ತಿರ. ಆದರೆ ಮಗಳಿಗೂ ಅಳಿಯನಿಗೂ ಒಟ್ಟಿಗೆ ರಜೆ ಸಿಗಲಿಲ್ಲ. ಆಕೆಯೇ ಒಂದು ಪ್ರವಾಸ ಸಂಸ್ಥೆಯಲ್ಲಿ ನಾಲ್ಕು ದಿನದ ಬಸ್ ಪ್ರವಾಸಕ್ಕೆ ನಮ್ಮಿಬ್ಬರ ಹೆಸರು ಬರೆಸಿದಳು. ಬ್ಯಾನ್ಫ್, ಯೋಹೊ, ಜ್ಯಾಸ್ಪರ್ ಎಂಬ ಮೂರು ರಾಷ್ಟ್ರೀಯ ಉದ್ಯಾನಗಳು, ಮೂರು ರಾತ್ರಿ ವಸತಿ, ಜೊತೆಗೆ ಒಬ್ಬ ಗೈಡ್. ಗೈಡ್ ಇರುವ ಪ್ರವಾಸವೆಂದರೆ ನನಗೆ ಮೊದಲಿನಿಂದಲೂ ತಾತ್ಸಾರ. ಬಾವುಟ ಹಿಡಿದವರ ಹಿಂದೆ ಮಂದೆಯಂತೆ ಹೋಗಿ, ಹೇಳಿದ ಕಡೆ ಫೋಟೊ ತೆಗೆದು, ಹೇಳಿದ ಹೊತ್ತಿಗೆ ಬಸ್ಸು ಹತ್ತುವುದರಲ್ಲಿ ನೋಡಿದ್ದೆಷ್ಟು, ಓಡಿದ್ದೆಷ್ಟು ಎಂದು ಮಗಳ ಹತ್ತಿರ ಗೊಣಗಿದೆ. ‘ಅಮ್ಮ, ನೀನು ಶಾಲೆಯ ಮಕ್ಕಳನ್ನು ಕರೆದುಕೊಂಡು ಹೋಗುತ್ತಿದ್ದದ್ದೂ ಹಾಗೆಯೇ ಅಲ್ಲವೇ’ ಎಂದು ಅವಳು ಕೇಳಿದ ಮೇಲೆ ಸುಮ್ಮನಾದೆ.

ಬಸ್ಸಿನಲ್ಲಿ ನಾವು ಮೂವತ್ತೆಂಟು ಜನ. ದಿನಕ್ಕೆ ಎರಡು ಸಾಲು ಹಿಂದಕ್ಕೆ ಸರಿದು ಕೂರಬೇಕೆಂಬುದು ನಿಯಮ, ಕಿಟಕಿಗಾಗಿ ಜಗಳ ಬರಬಾರದೆಂಬುದು ಅದರ ಉದ್ದೇಶ. ನಮ್ಮ ಕೆಎಸ್ಆರ್‌ಟಿಸಿ ಬಸ್ಸುಗಳಲ್ಲಿ ಟವೆಲ್ ಹಾಸಿ ಸೀಟು ಹಿಡಿದ ಅನುಭವವಿರುವ ನಮ್ಮವರಿಗೆ ಇದು ಬಹಳ ಹಿಡಿಸಿತು. ಗೈಡ್ ನಲವತ್ತರ ಆಸುಪಾಸಿನ, ಅದೇ ಪ್ರಾಂತ್ಯದಲ್ಲಿ ಬೆಳೆದ ಹೆಂಗಸು. ಕ್ಯಾಲ್ಗರಿ ಬಿಟ್ಟು ಅರ್ಧ ಗಂಟೆ ಆಕೆ ಏನೂ ಮಾತನಾಡಲಿಲ್ಲ. ಸ್ಟೋನಿ ನಕೋಡಾ ಮೂಲನಿವಾಸಿಗಳ ನೆಲ ಬಂದಾಗ ಮೈಕು ಹಿಡಿದು, ಮೊದಲು ಈ ಜನರ ಹೆಸರು ಹೇಳಿ ಆಮೇಲೆ ಉದ್ಯಾನದ ಹೆಸರು ಹೇಳುತ್ತೇನೆ ಎಂದಳು. 1877ರಲ್ಲಿ ಬ್ರಿಟಿಷ್ ಸಿಂಹಾಸನದೊಡನೆ ಒಪ್ಪಂದಕ್ಕೆ ರುಜು ಹಾಕಿದವರಲ್ಲಿ ಅವರೂ ಸೇರಿದ್ದರು. ಹತ್ತೇ ವರ್ಷದೊಳಗೆ ಅವರು ತಲೆಮಾರುಗಳಿಂದ ಬೇಟೆಯಾಡುತ್ತಿದ್ದ ಕಣಿವೆ ಉದ್ಯಾನವಾಯಿತು, ಮುಂದೆ ಅಲ್ಲಿ ಅವರು ಬೇಟೆಯಾಡುವುದೇ ನಿಷಿದ್ಧವಾಯಿತು.

ಉದ್ಯಾನ ಹುಟ್ಟಿದ ಕಥೆಯೂ ಕಾಡಿನ ಮೇಲಿನ ಪ್ರೀತಿಯಿಂದ ಆರಂಭವಾಗುವುದಿಲ್ಲ. 1883ರಲ್ಲಿ ರೈಲು ಹಳಿ ಹಾಕಲು ಬಂದಿದ್ದ ಮೂವರು ಕೆಲಸಗಾರರು ಬೆಟ್ಟದ ಬುಡದ ಒಂದು ಗುಹೆಯಲ್ಲಿ ಬಿಸಿನೀರಿನ ಬುಗ್ಗೆಯನ್ನು ಕಂಡರು. ಅದರ ಒಡೆತನಕ್ಕೆ ತಕರಾರು ಹುಟ್ಟಿತು. 1885ರಲ್ಲಿ ಸರ್ಕಾರ ಬುಗ್ಗೆಯ ಸುತ್ತಲಿನ 26 ಚದರ ಕಿಲೋಮೀಟರ್ ನೆಲವನ್ನು ತನ್ನ ವಶಕ್ಕೆ ತೆಗೆದುಕೊಂಡಿತು. ಇಂದು 6,600 ಚದರ ಕಿಲೋಮೀಟರಿಗೂ ಹೆಚ್ಚು ಹರಡಿರುವ ಬ್ಯಾನ್ಫ್ ಉದ್ಯಾನದ ಮೂಲ ಅದೇ, ಕೆನಡಾದ ಮೊದಲ ರಾಷ್ಟ್ರೀಯ ಉದ್ಯಾನವೂ ಅದೇ. ಸಾಲ ಮಾಡಿ ಹಳಿ ಹಾಕಿದ ರೈಲು ಕಂಪನಿಗೆ ಪ್ರಯಾಣಿಕರು ಬೇಕಾಗಿತ್ತು. ಅದು 1888ರಲ್ಲಿ ಅಲ್ಲಿ ಕೋಟೆಯಂಥ ಒಂದು ಹೋಟೆಲನ್ನೇ ತೆರೆಯಿತು. ಆ ಹೋಟೆಲನ್ನು ನಾವು ಬಸ್ಸಿನೊಳಗಿನಿಂದಲೇ ನೋಡಿದೆವು. ಬ್ಯಾನ್ಫ್ ಪೇಟೆಯಲ್ಲಿ ಎರಡು ಗಂಟೆ ಬಿಟ್ಟರು. ಅಂಗಡಿಗಳಲ್ಲಿ ಕರಡಿಯ ಗೊಂಬೆಗಳಿದ್ದವು.

ಇನ್ನು ನನ್ನ ದೂರು. ಪ್ರವಾಸ ಸಂಸ್ಥೆಯ ಕೈಪಿಡಿಯಲ್ಲಿ ಅಚ್ಚಾಗಿದ್ದದ್ದು ಪಚ್ಚೆ ನೀಲಿಯ ಸರೋವರಗಳ ಚಿತ್ರಗಳು. ನಾವು ಹೋದದ್ದು ಜೂನ್ ಎರಡನೆಯ ವಾರ. ಆ ಎತ್ತರದಲ್ಲಿ ಬಹುಪಾಲು ಸರೋವರಗಳ ಮೇಲಿನ ಮಂಜುಗಡ್ಡೆ ಕರಗುವುದೇ ಜೂನ್ ತಿಂಗಳಿನಲ್ಲಿ, ಆ ಹೆಸರಾಂತ ಬಣ್ಣ ತುಂಬಿ ಬರುವುದು ಜುಲೈಯಲ್ಲಿ. ಪೇಟೊ ಸರೋವರ ಇನ್ನೂ ಬೆಳ್ಳಗೆ ಹೆಪ್ಪುಗಟ್ಟಿ ಮಲಗಿತ್ತು. ಮೇಲಿನ ಅಟ್ಟಣೆಯಿಂದ ಅದು ತೋಳದ ತಲೆಯಂತೆ ಕಾಣುತ್ತದೆಂದು ಎಲ್ಲರೂ ಹೇಳುತ್ತಾರೆ, ನಮಗೆ ಕಂಡದ್ದು ಬಿಳಿ ತೋಳ. ಯೋಹೊದಲ್ಲಿ ಸುಮಾರು 370 ಮೀಟರ್ ಎತ್ತರದಿಂದ ಧುಮುಕುವ ಟಕಾಕಾ ಜಲಪಾತದ ರಸ್ತೆ ಇನ್ನೂ ತೆರೆದಿರಲಿಲ್ಲ. ಹಿಮಕುಸಿತದ ಭಯದಿಂದ ಆ ರಸ್ತೆಯನ್ನು ಪ್ರತಿವರ್ಷವೂ ಜೂನ್ ಕೊನೆಯ ಹೊತ್ತಿಗೇ ತೆರೆಯುವುದು ವಾಡಿಕೆ. ಇದೆಲ್ಲ ಸಂಸ್ಥೆಯವರಿಗೆ ಗೊತ್ತಿರದ ಸಂಗತಿಯಲ್ಲ. ಹಣ ಕಟ್ಟಿಸಿಕೊಳ್ಳುವಾಗ ಒಂದು ಮಾತು ಹೇಳಿದ್ದರೆ ನಾವು ಪ್ರವಾಸವನ್ನು ಮೂರು ವಾರ ಮುಂದೂಡುತ್ತಿದ್ದೆವು. ಕೇಳಿದ್ದಕ್ಕೆ, ‘ಹವಾಮಾನಕ್ಕೆ ಅನುಗುಣವಾಗಿ ಬದಲಾವಣೆಗಳಿರಬಹುದು’ ಎಂಬ ಸಾಲನ್ನು ತೋರಿಸಿದರು. ಅದು ಕೈಪಿಡಿಯ ಕೊನೆಯ ಪುಟದಲ್ಲಿ, ಕನ್ನಡಕ ಹಾಕಿಕೊಂಡರೂ ಕಷ್ಟಪಟ್ಟು ಓದಬೇಕಾದ ಅಕ್ಷರಗಳಲ್ಲಿತ್ತು. ಹೋಗುವವರಿದ್ದರೆ ಜುಲೈ ಮಧ್ಯದಿಂದ ಸೆಪ್ಟೆಂಬರ್ ಕೊನೆಯೊಳಗೆ ಹೋಗಿ. ಹಣ ಕೊಡುವ ಮೊದಲೇ ಪ್ರತಿಯೊಂದು ಜಾಗದ ಹೆಸರನ್ನೂ ಹಿಡಿದು, ಆ ದಿನಾಂಕದಲ್ಲಿ ಅಲ್ಲಿಗೆ ರಸ್ತೆ ತೆರೆದಿರುತ್ತದೆಯೇ ಎಂದು ಕೇಳಿ. ಮೊರೇನ್ ಸರೋವರಕ್ಕಂತೂ 2023ರಿಂದ ಸ್ವಂತ ವಾಹನಗಳನ್ನು ಬಿಡುವುದೇ ಇಲ್ಲ.

ಲೇಕ್ ಲೂಯಿಸ್ ಸರೋವರ ಮಾತ್ರ ಅರ್ಧ ಕರಗಿದ ಸ್ಥಿತಿಯಲ್ಲಿ ನಮಗೆ ಸಿಕ್ಕಿತು. ನಡುವೆ ಮಂಜುಗಡ್ಡೆಯ ಹಲಗೆಗಳು ತೇಲುತ್ತಿದ್ದವು, ಅಂಚಿನಲ್ಲಿ ಎರಡು ಮಾರಿನಷ್ಟು ನೀರು ಬಿಟ್ಟುಕೊಂಡಿತ್ತು. ಆ ನೀರಿನ ಬಣ್ಣ ತೆಳುವಾದ ಹಸಿರು. ಗಾಳಿ ಬೀಸಿದಾಗ ಗಡ್ಡೆಗಳು ಒಂದಕ್ಕೊಂದು ತಾಗಿ ಗಾಜಿನ ಬಳೆಗಳ ಸದ್ದು ಮಾಡುತ್ತಿದ್ದವು. ಅಲ್ಲಿ ನಮಗೆ ಕೊಟ್ಟದ್ದು ಐವತ್ತು ನಿಮಿಷ. ವಿಕ್ಟೋರಿಯಾ ರಾಣಿಯ ಮಗಳು ಲೂಯಿಸಳ ಹೆಸರನ್ನು ಆ ನೀರಿಗಿಡುವ ಮೊದಲು ನಕೋಡಾ ಜನ ಅದನ್ನು ಚಿಕ್ಕ ಮೀನುಗಳ ಸರೋವರವೆಂದು ಕರೆಯುತ್ತಿದ್ದರೆಂದು ಗೈಡ್ ಹೇಳಿದಳು. ಹಳೆಯ ಹೆಸರೇ ಉಪಯುಕ್ತವಾದದ್ದೆಂದು ನನಗೆ ಅನಿಸಿತು. ಅಲ್ಲಿ ಏನು ಸಿಗುತ್ತದೆಂಬುದಾದರೂ ಅದರಿಂದ ತಿಳಿಯುತ್ತದೆ.

ಅಲ್ಲಿಗೆ ಹೋಗುವ ಹೆದ್ದಾರಿಯ ಮೇಲೆ ಆಗಾಗ ಸೇತುವೆಗಳು ಅಡ್ಡ ಬಂದವು. ಅವುಗಳ ಮೇಲೆ ವಾಹನಗಳಿರಲಿಲ್ಲ, ಪೈನ್ ಮರಗಳೂ ಪೊದೆಗಳೂ ಬೆಳೆದಿದ್ದವು. ಕರಡಿ, ತೋಳ, ಎಲ್ಕ್ ಜಿಂಕೆಗಳು ರಸ್ತೆ ದಾಟಲೆಂದೇ ಕಟ್ಟಿದ ಸೇತುವೆಗಳವು. ಬ್ಯಾನ್ಫ್ ಉದ್ಯಾನದ ಹೆದ್ದಾರಿಯಲ್ಲಿ ಮೇಲೆ ಆರು, ಕೆಳಗೆ ಮೂವತ್ತೆಂಟು ಇಂಥ ದಾರಿಗಳಿವೆ, ರಸ್ತೆಯ ಎರಡೂ ಬದಿಗೆ ಎತ್ತರದ ಬೇಲಿಯಿದೆ. ಇವು ಬಂದ ಮೇಲೆ ವಾಹನಗಳಿಗೆ ಸಿಕ್ಕಿ ಸಾಯುವ ಪ್ರಾಣಿಗಳ ಸಂಖ್ಯೆ ಶೇಕಡಾ ಎಂಬತ್ತಕ್ಕೂ ಹೆಚ್ಚು ಇಳಿದಿದೆ. ಪಕ್ಕದ ಹಳೆಯ ರಸ್ತೆಯ ಒಂದು ಭಾಗವನ್ನು ಮಾರ್ಚಿಯಿಂದ ಜೂನ್ ಕೊನೆಯವರೆಗೆ ರಾತ್ರಿ ಎಂಟರಿಂದ ಬೆಳಿಗ್ಗೆ ಎಂಟರವರೆಗೆ ಮುಚ್ಚುತ್ತಾರೆಂದು ಕೇಳಿದಾಗ ನನಗೆ ಬಂಡೀಪುರ ನೆನಪಾಯಿತು. 2009ರಿಂದ ಅಲ್ಲಿ ರಾತ್ರಿ ಒಂಬತ್ತರಿಂದ ಬೆಳಗಿನ ಆರರವರೆಗೆ ಸಂಚಾರ ನಿಷೇಧವಿದೆ, ಅದನ್ನು ತೆಗೆಸಬೇಕೆಂಬ ಒತ್ತಾಯವೂ ಅಂದಿನಿಂದಲೇ ಇದೆ. ಮೇಲ್ಸೇತುವೆ ಕಟ್ಟಿ ರಾತ್ರಿ ಸಂಚಾರ ಬಿಡಿ ಎನ್ನುವವರು ಈ ಬ್ಯಾನ್ಫಿನ ಹೆಸರನ್ನು ಉದಾಹರಣೆಯಾಗಿ ತರಬಹುದು. ಬ್ಯಾನ್ಫ್‌ನಲ್ಲಿ ಸೇತುವೆಯೂ ಇದೆ, ಪಕ್ಕದಲ್ಲಿ ರಾತ್ರಿಯ ಬಾಗಿಲೂ ಇದೆ ಎಂಬುದನ್ನು ಅವರು ಗಮನಿಸಬೇಕು.

ಕ್ಯಾಸಲ್ ಪರ್ವತದ ಬುಡದಲ್ಲಿ ಗೈಡ್ ಬಸ್ಸನ್ನು ನಿಧಾನಿಸಲು ಹೇಳಿದಳು. ಇಳಿಯಲು ಸಮಯವಿಲ್ಲ, ಆದರೆ ಹೇಳದೆ ದಾಟುವುದಿಲ್ಲ ಎಂದಳು. ಮೊದಲನೆಯ ಮಹಾಯುದ್ಧದ ಕಾಲದಲ್ಲಿ, 1915ರಿಂದ, ಆ ಬಯಲಿನಲ್ಲಿ ಒಂದು ಬಂಧನ ಶಿಬಿರವಿತ್ತು. ಶತ್ರು ಸಾಮ್ರಾಜ್ಯದ ಪ್ರಜೆಗಳೆಂಬ ಒಂದೇ ಕಾರಣಕ್ಕೆ ಹಿಡಿದು ತಂದ ವಲಸೆಗಾರರು, ಅವರಲ್ಲೂ ಬಹುಪಾಲು ಉಕ್ರೇನಿನವರು, ಅಲ್ಲಿ ಡೇರೆಗಳಲ್ಲಿದ್ದುಕೊಂಡು ಪ್ರವಾಸಿಗರಿಗಾಗಿ ರಸ್ತೆ ಮಾಡಿದರು. ಈಗ ಅಲ್ಲಿ ಒಬ್ಬ ಕೈದಿಯ ಪ್ರತಿಮೆಯಿದೆ, ಅದರ ಹೆಸರು ‘ಏಕೆ’. ಬಸ್ಸಿನಲ್ಲಿ ಯಾರೂ ಮಾತನಾಡಲಿಲ್ಲ. ನಾವೇ ಕಾರಿನಲ್ಲಿ ಬಂದಿದ್ದರೆ ಆ ಪರ್ವತದ ಫೋಟೊ ಚೆನ್ನಾಗಿ ಬಂತೆಂದು ಹೇಳಿಕೊಂಡು ಮುಂದೆ ಹೋಗಿರುತ್ತಿದ್ದೆವು.

ಯೋಹೊ ಉದ್ಯಾನಕ್ಕೆ ಬಂದ ಮೇಲೆ ಪ್ರವಾಸ ನಮ್ಮವರದಾಯಿತು. ಅವರು ಸಕಲೇಶಪುರದ ಕಡೆ ವರ್ಷಗಟ್ಟಲೆ ಸ್ಟೇಷನ್ ಮಾಸ್ಟರ್ ಆಗಿದ್ದವರು. ಅಲ್ಲಿಯತನಕ ಸರೋವರ, ಪರ್ವತ ಯಾವುದಕ್ಕೂ ‘ಚೆನ್ನಾಗಿದೆ’ ಎನ್ನುವುದಕ್ಕಿಂತ ಹೆಚ್ಚು ಹೇಳಿರಲಿಲ್ಲ. ಸುರುಳಿ ಸುರಂಗಗಳ ಕಟ್ಟೆಯ ಬಳಿ ಬಸ್ಸು ನಿಂತಾಗ ಎಲ್ಲರಿಗಿಂತ ಮೊದಲು ಇಳಿದವರು ಅವರೇ. 1884ರಲ್ಲಿ ಅವಸರದಿಂದ ಹಾಕಿದ ಹಳಿ ಅಲ್ಲಿ ನೂರು ಅಡಿಗೆ ನಾಲ್ಕೂವರೆ ಅಡಿ ಇಳಿಯುತ್ತಿತ್ತು. ಇಳಿದ ಮೊದಲ ರೈಲೇ ಹಿಡಿತ ತಪ್ಪಿ ಉರುಳಿ ಮೂವರು ಸತ್ತರು. ಕೊನೆಗೆ ಎರಡು ಬೆಟ್ಟಗಳ ಹೊಟ್ಟೆಯೊಳಗೆ ಸುರುಳಿಯಾಗಿ ಸುರಂಗ ಕೊರೆದು, 1909ರ ಹೊತ್ತಿಗೆ ಆ ಇಳಿಜಾರನ್ನು ಅರ್ಧಕ್ಕೆ ತಂದರು. ‘ನಮ್ಮದು ಐವತ್ತಕ್ಕೆ ಒಂದು, ಸುಮಾರು ಇಷ್ಟೇ ಆಯಿತು’ ಎಂದು ನಮ್ಮವರು ಲೆಕ್ಕ ಹಾಕಿದರು. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡ್‌ವರೆಗಿನ ಘಾಟಿಯಲ್ಲಿ ಐವತ್ತೇಳು ಸುರಂಗಗಳಿವೆಯೆಂದೂ, ಬ್ರೇಕು ತಪ್ಪಿದ ಗಾಡಿಯನ್ನು ಏರಿಗೆ ತಿರುಗಿಸಿ ನಿಲ್ಲಿಸಲು ಕ್ಯಾಚ್ ಸೈಡಿಂಗ್‌ಗಳಿವೆಯೆಂದೂ ಅವರು ಗೈಡ್‌ಗೆ ಹೇಳಿದರು. ಇಲ್ಲಿಯೂ ಹಳೆಯ ಹಳಿಗೆ ಅದೇ ಉಪಾಯ ಮಾಡಿದ್ದರು ಎಂದು ಆಕೆ ಉತ್ತರಿಸಿದಳು. ಆಮೇಲೆ ಇಬ್ಬರ ನಡುವೆ ನನಗೆ ಜಾಗವಿರಲಿಲ್ಲ.

ಅಲ್ಲಿ ಕೊಟ್ಟಿದ್ದ ಹದಿನೈದು ನಿಮಿಷ ಮುಗಿಯಿತು. ರೈಲು ಬರಲಿಲ್ಲ. ಎಲ್ಲರೂ ಬಸ್ಸು ಹತ್ತಿದರು, ನಮ್ಮವರು ಕಂಬಿ ಹಿಡಿದುಕೊಂಡು ಅಲ್ಲಿಯೇ ನಿಂತಿದ್ದರು. ಗೈಡ್ ಕೈಗಡಿಯಾರ ನೋಡಿದಳು, ಚಾಲಕನ ಮುಖ ನೋಡಿದಳು, ನಂತರ ಇನ್ನು ಹತ್ತು ನಿಮಿಷ ಎಂದು ಬೆರಳು ತೋರಿಸಿದಳು. ಏಳನೆಯ ನಿಮಿಷಕ್ಕೆ ಕೆಳಗಿನ ಕಣಿವೆಯಿಂದ ಎಂಜಿನ್ನಿನ ಸದ್ದು ಬಂತು. ಕೆಂಪು ಎಂಜಿನ್ ಸುರಂಗದ ಕೆಳಬಾಯಿಯಲ್ಲಿ ಮಾಯವಾಗಿ, ಸ್ವಲ್ಪ ಹೊತ್ತಿನ ಮೇಲೆ ಅದಕ್ಕಿಂತ ಎತ್ತರದಲ್ಲಿದ್ದ ಇನ್ನೊಂದು ಬಾಯಿಯಿಂದ ಎದುರು ದಿಕ್ಕಿಗೆ ಮುಖಮಾಡಿ ಹೊರಬಂತು. ಬಾಲ ಇನ್ನೂ ಕೆಳಗೆ ಒಳಹೋಗುತ್ತಲೇ ಇತ್ತು. ತನ್ನ ಬಾಲವನ್ನು ತಾನೇ ದಾಟುತ್ತಿರುವ ಹಾವನ್ನು ನೋಡಿದಂತಾಯಿತು. ಬಸ್ಸಿನಿಂದ ಎಲ್ಲರೂ ಮತ್ತೆ ಇಳಿದು ಬಂದರು. ನಮ್ಮವರು ತುಟಿ ಅಲ್ಲಾಡಿಸುತ್ತ ವ್ಯಾಗನ್ ಎಣಿಸಿದರು, ಗೈಡ್ ಕೂಡ ಎಣಿಸಿದಳು. ಇವರ ಲೆಕ್ಕ ನೂರ ಇಪ್ಪತ್ತೊಂದು, ಅವಳದು ನೂರ ಹದಿನೆಂಟು. ಇಬ್ಬರೂ ಪಟ್ಟು ಬಿಡಲಿಲ್ಲ.

ಊಟದ ವಿಷಯವನ್ನು ಎರಡೇ ಮಾತಿನಲ್ಲಿ ಮುಗಿಸುತ್ತೇನೆ. ಸಸ್ಯಾಹಾರವೆಂದು ಮೊದಲೇ ತಿಳಿಸಿದ್ದರಿಂದ ಪ್ರತಿರಾತ್ರಿಯೂ ಟೊಮೇಟೊ ಸಾರಿನ ಪಾಸ್ತಾ ಕೊಟ್ಟರು. ಉಳಿದ ಹೊತ್ತಿಗೆ ನಾನು ಒಯ್ದಿದ್ದ ತೆಳು ಅವಲಕ್ಕಿ, ಚಟ್ನಿಪುಡಿ, ಮೊಸರು ನಮ್ಮನ್ನು ಕಾಪಾಡಿದವು. ಆದರೆ ಆ ಚಟ್ನಿಪುಡಿಯ ಡಬ್ಬಿಯನ್ನು ಹೊರಗಿನ ಬೆಂಚಿನ ಮೇಲೆ ಬಿಟ್ಟು ಕೈ ತೊಳೆಯಲು ಹೋದೆನೆಂದು ಗೈಡ್‌ನಿಂದ ಬೈಸಿಕೊಂಡೆ. ಮನುಷ್ಯರ ಆಹಾರದ ರುಚಿ ಕಂಡ ಕರಡಿ ಮತ್ತೆ ಮತ್ತೆ ಅಲ್ಲಿಗೇ ಬರುತ್ತದೆ, ಕೊನೆಗೆ ಅದನ್ನು ಕೊಲ್ಲಬೇಕಾಗಿ ಬರುವುದೂ ಉಂಟು. ಅಲ್ಲಿನ ಕಸದ ಪೆಟ್ಟಿಗೆಗಳೂ ಅದಕ್ಕೆ ತಕ್ಕಂತೆಯೇ ಇವೆ. ದಪ್ಪ ಕಬ್ಬಿಣದ ಪೆಟ್ಟಿಗೆ, ಹಿಡಿಕೆಯ ಜಾಗದಲ್ಲಿ ಒಂದು ಗೂಡು. ಗೂಡಿನೊಳಗೆ ಅಂಗೈ ತೂರಿಸಿ ಬೆರಳ ತುದಿಯಿಂದ ಕೊಂಡಿಯನ್ನು ಮೇಲಕ್ಕೆ ಒತ್ತಿದರೆ ಮಾತ್ರ ಮುಚ್ಚಳ ಬಿಡುತ್ತದೆ. ಕರಡಿಯ ಪಂಜ ಆ ಗೂಡಿನೊಳಗೆ ಹೋಗದು. ಮೊದಲ ದಿನ ನನ್ನ ಕೈಯಿಂದಲೂ ಅದು ತೆರೆಯಲಿಲ್ಲ.

ಮೂರನೆಯ ದಿನ ಲೇಕ್ ಲೂಯಿಸ್‌ನಿಂದ ಜ್ಯಾಸ್ಪರ್‌ಗೆ ಹೋಗುವ ಸುಮಾರು 230 ಕಿಲೋಮೀಟರ್ ರಸ್ತೆ. 1930ರ ದಶಕದ ಆರ್ಥಿಕ ಕುಸಿತದಲ್ಲಿ ಕೆಲಸವಿಲ್ಲದವರಿಗೆ ಕೂಲಿ ಕೊಡಲು ಆರಂಭಿಸಿ 1940ರಲ್ಲಿ ತೆರೆದ ದಾರಿಯಿದು. ನಮ್ಮ ಬರಗಾಲದ ಕಾಮಗಾರಿಗಳಂತೆಯೇ. ಎರಡೂ ಬದಿಯಲ್ಲಿ ನಾನು ಕರಿಹಲಗೆಯ ಮೇಲೆ ಬರೆಯುತ್ತಿದ್ದ ‘ಯು’ ಕಣಿವೆ, ಅಷ್ಟಗಲ ತಳ, ಕಡಿದಾದ ಗೋಡೆ, ಗೋಡೆಯ ಅರ್ಧದಲ್ಲೇ ಬಾಯಿ ತೆರೆದು ನಿಲ್ಲುವ ತೂಗುಕಣಿವೆಗಳು. ಪಕ್ಕದಲ್ಲಿದ್ದ ತೈವಾನಿನ ಅಜ್ಜಿಗೆ ನಾನು ಕೈಸನ್ನೆಯಲ್ಲೇ ಪಾಠ ಮಾಡಿದೆ.

ಅದೇ ದಾರಿಯಲ್ಲಿ ಸಿಗುವ ಕೊಲಂಬಿಯಾ ಹಿಮಕ್ಷೇತ್ರದ ಒಂದು ಶಿಖರದಿಂದ ಕರಗಿದ ನೀರು ಮೂರು ಕಡೆಗೆ ಹರಿದು ಉತ್ತರ ಧ್ರುವದ ಸಾಗರಕ್ಕೂ, ಪೆಸಿಫಿಕ್‌ಗೂ, ಹಡ್ಸನ್ ಕೊಲ್ಲಿಗೂ ಸೇರುತ್ತದೆ. ನಮ್ಮ ಸಕಲೇಶಪುರದ ಏಣಿನ ಮೇಲೆ ಬಿದ್ದ ಮಳೆಯೂ ಒಂದು ಬದಿಗೆ ಹೇಮಾವತಿಯಾಗಿ ಬಂಗಾಳ ಕೊಲ್ಲಿಗೆ, ಇನ್ನೊಂದು ಬದಿಗೆ ನೇತ್ರಾವತಿಯ ಪಾಲಾಗಿ ಅರಬ್ಬಿ ಸಮುದ್ರಕ್ಕೆ ಹೋಗುತ್ತದೆ ಎಂದು ನಮ್ಮವರು ನೆನಪಿಸಿದರು. ಹಿಮಕ್ಷೇತ್ರದಿಂದ ಕೆಳಗಿಳಿಯುವ ಅಥಬಾಸ್ಕ ಹಿಮನದಿಯ ಮೇಲೆ ನಮ್ಮನ್ನು ಕರೆದೊಯ್ದದ್ದು ಆಳೆತ್ತರದ ಆರು ಚಕ್ರಗಳ ವಾಹನ. ಮಂಜಿನ ಮೇಲೆ ಹತ್ತುವ ಮೊದಲು ಅದು ಒಂದು ನೀರಿನ ಹೊಂಡದೊಳಗೆ ಇಳಿದು ಚಕ್ರ ತೊಳೆದುಕೊಂಡಿತು. ಮಣ್ಣು ಬಿಸಿಲನ್ನು ಹೀರಿ ಮಂಜನ್ನು ಕರಗಿಸುತ್ತದಂತೆ. ಕಾಲು ತೊಳೆದು ಒಳಗೆ ಬರುವ ಮನೆಯಲ್ಲಿ ಬೆಳೆದವಳಿಗೆ ಅದರ ಅರ್ಥ ತಕ್ಷಣ ಆಯಿತು.

ಹಿಮನದಿಯೆಂದರೆ ಬೆಳ್ಳಗಿರುತ್ತದೆಂದು ನಾನು ಪಾಠ ಮಾಡಿದ್ದೆ. ಕಾಲ ಕೆಳಗಿದ್ದದ್ದು ಬೂದಿಯ ಬಣ್ಣದ, ಮರಳು ಮರಳಾದ ಗಡ್ಡೆ. ಬಿರುಕಿನೊಳಗೆ ಬಗ್ಗಿ ನೋಡಿದರೆ ಮಾತ್ರ ನೀಲಿ. ಸಣ್ಣ ತೋಡಿನಲ್ಲಿ ಹರಿಯುತ್ತಿದ್ದ ನೀರನ್ನು ಬಾಟಲಿಯಲ್ಲಿ ಹಿಡಿದೆ. ತಿಳಿಯಾಗಿತ್ತು, ಹಲ್ಲು ಜುಮ್ಮೆನ್ನುವಷ್ಟು ತಣ್ಣಗಿತ್ತು. ಆದರೆ ಹಿಮನದಿಯ ಬುಡದಿಂದ ಹೊರಬರುವ ಹೊಳೆ ಹಾಗಿರಲಿಲ್ಲ, ಅದು ಅಕ್ಕಚ್ಚಿನ ಬಣ್ಣ, ಅಕ್ಕಿ ತೊಳೆದು ಚೆಲ್ಲಿದಂತೆ. ನೂರಾರು ಅಡಿ ದಪ್ಪದ ಮಂಜು ಕೆಳಗಿನ ಬಂಡೆಯನ್ನು ಬೀಸುಕಲ್ಲಿನಂತೆ ಅರೆಯುತ್ತ ಜಾರುತ್ತದೆ. ಆ ಕಲ್ಲಿನ ಹಿಟ್ಟು ಎಷ್ಟು ನಯವೆಂದರೆ ಸರೋವರಕ್ಕೆ ಬಂದ ಮೇಲೂ ಬೇಗನೆ ತಳಕ್ಕೆ ಕೂರುವುದಿಲ್ಲ, ನೀರಿನಲ್ಲಿ ತೇಲುತ್ತ ಬೆಳಕಿನ ನೀಲಿ ಹಸಿರನ್ನೇ ಚೆದುರಿಸಿ ಹಿಂದಿರುಗಿಸುತ್ತದೆ. ಕೈಪಿಡಿಯಲ್ಲಿ ಅಚ್ಚಾಗಿದ್ದ ಬಣ್ಣದ ಮೂಲ ಈ ಅಕ್ಕಚ್ಚು. ಬೇಸಿಗೆ ಬಲಿತು ಮಂಜು ಜೋರಾಗಿ ಕರಗಿದಷ್ಟೂ ಹಿಟ್ಟು ಹೆಚ್ಚು, ಹಾಗಾಗಿಯೇ ಬಣ್ಣ ಜುಲೈಗೆ ಕಾಯುತ್ತದೆ. ಇಷ್ಟನ್ನು ತಿಳಿದ ಮೇಲೆ ಸಂಸ್ಥೆಯ ಮೇಲಿನ ನನ್ನ ಸಿಟ್ಟು ಇಳಿಯಲಿಲ್ಲವಾದರೂ ಸರೋವರದ ಮೇಲಿನ ಬೇಸರ ಹೋಯಿತು.

ಕೆಳಗೆ ಬಂದ ಮೇಲೆ ಹಿಮನದಿಯ ಹಳೆಯ ಅಂಚುಗಳನ್ನು ಗುರುತಿಸಿದ ಫಲಕಗಳ ನಡುವೆ ನಡೆದೆವು. ಒಂದೊಂದರ ಮೇಲೂ ಒಂದೊಂದು ವರ್ಷ. 1844ರಿಂದ ಈಚೆಗೆ ಈ ಹಿಮನದಿ ಒಂದೂವರೆ ಕಿಲೋಮೀಟರಿಗೂ ಹೆಚ್ಚು ಹಿಂದೆ ಸರಿದಿದೆ. 1992 ಎಂದು ಬರೆದ ಫಲಕದ ಬಳಿ ನಾನು ನಿಂತೆ. ಮಗಳು ಹುಟ್ಟಿದ ವರ್ಷ ಅದು. ಅಲ್ಲಿಂದ ಮಂಜಿನ ಅಂಚಿಗೆ ಕೂಗಿದರೆ ಕೇಳಿಸದಷ್ಟು ದೂರ, ನಡುವೆ ಬರಿಯ ಕಲ್ಲು ಮತ್ತು ನೀರು. ನಾನು ಪ್ರತಿವರ್ಷ ಕರಿಹಲಗೆಯ ಮೇಲೆ ಒಂದೇ ಚಿತ್ರ ಬರೆಯುತ್ತಿದ್ದಾಗ ಇದು ಪ್ರತಿವರ್ಷ ಇಷ್ಟಿಷ್ಟೇ ಹಿಂದೆ ಹೋಗುತ್ತಿತ್ತು.

ಜ್ಯಾಸ್ಪರ್ ಹತ್ತಿರವಾದಂತೆ ಕಾಡು ಕಪ್ಪಾಯಿತು. 2024ರ ಜುಲೈನಲ್ಲಿ ಕಾಳ್ಗಿಚ್ಚು ಬಂದು ಊರಿನ ಸುಮಾರು ಮೂರನೆಯ ಒಂದು ಭಾಗದಷ್ಟು ಕಟ್ಟಡಗಳನ್ನು ಸುಟ್ಟಿತ್ತು. ಊರವರೂ ಪ್ರವಾಸಿಗರೂ ಸೇರಿ ಸುಮಾರು ಇಪ್ಪತ್ತೈದು ಸಾವಿರ ಜನ ರಾತ್ರೋರಾತ್ರಿ ಹೊರಟಿದ್ದರು. ಜೀರುಂಡೆಯ ಕಾಟಕ್ಕೆ ಮೊದಲೇ ಒಣಗಿ ನಿಂತಿದ್ದ ಪೈನ್ ಮರಗಳೂ ಬೆಂಕಿಗೆ ಸಿದ್ಧವಾಗಿದ್ದವು. ಮೈಲುಗಟ್ಟಲೆ ಕಪ್ಪು ಕಂಬಗಳು, ಅವುಗಳ ಬುಡದಲ್ಲಿ ಹಸಿರು ಹುಲ್ಲು. ಅಲ್ಲಿನ ಲಾಡ್ಜ್‌ಪೋಲ್ ಪೈನ್‌ನ ಅನೇಕ ಕಾಯಿಗಳು ಅಂಟಿನಿಂದ ಮುಚ್ಚಿಕೊಂಡಿರುತ್ತವೆ, ಬೆಂಕಿಯ ಕಾವಿಗೆ ಅಂಟು ಕರಗಿದಾಗಲೇ ಅವು ಬಿರಿದು ಬೀಜ ಚೆಲ್ಲುತ್ತವೆ ಎಂದು ಗೈಡ್ ವಿವರಿಸಿದಳು. ಊರೊಳಗೆ ಮನೆಗಳಿದ್ದ ಕಡೆ ಸಮತಟ್ಟು ಮಾಡಿದ ನಿವೇಶನಗಳು, ಒಂದು ಕಡೆ ಬರಿಯ ಮೆಟ್ಟಿಲು. ಅಲ್ಲಿ ಆಕೆ ಮೈಕು ಕೆಳಗಿಟ್ಟಳು, ಫೋಟೊ ತೆಗೆಯಬೇಡಿರೆಂದು ಮೊದಲೇ ಕೇಳಿಕೊಂಡಿದ್ದಳು. ರಾತ್ರಿ ಹತ್ತಾದರೂ ಬೆಳಕಿತ್ತು. ನಮ್ಮ ವಸತಿಯ ಎದುರಿನ ಮನೆಯೊಂದರ ಮೇಲೆ ಬಡಗಿಗಳು ಇನ್ನೂ ಮೊಳೆ ಹೊಡೆಯುತ್ತಿದ್ದರು.

ಕೊನೆಯ ದಿನ ಬಂದ ದಾರಿಯಲ್ಲೇ ಹಿಂದಕ್ಕೆ, ನಾಲ್ಕುನೂರು ಕಿಲೋಮೀಟರಿಗೂ ಹೆಚ್ಚು. ಜೂನ್‌ನಲ್ಲಿ ಬಂದದ್ದಕ್ಕೆ ಒಂದು ಪರಿಹಾರ ಆ ದಿನ ಸಿಕ್ಕಿತು. ಆ ತಿಂಗಳು ರಸ್ತೆಯ ಪಕ್ಕದಲ್ಲಿ ಅರಳುವ ಹಳದಿ ದಂಡೇಲಿಯನ್ ಹೂಗಳನ್ನು ತಿನ್ನಲು ಕರಡಿಗಳು ಕೆಳಗಿಳಿಯುತ್ತವೆ. ಒಂದು ಕರಿಕರಡಿ, ಮಜ್ಜಿಗೆ ಹುಳಿಗೆ ಸೊಪ್ಪು ಬಿಡಿಸುವಷ್ಟು ತಾಳ್ಮೆಯಿಂದ, ಒಂದೊಂದೇ ಹೂವನ್ನು ತುಟಿಯಲ್ಲಿ ಕಿತ್ತು ತಿನ್ನುತ್ತಿತ್ತು. ನಡೆದುಹೋಗುವವರು ಕರಡಿಯಿಂದ ನೂರು ಮೀಟರ್ ದೂರವಿರಬೇಕು. ಬಸ್ಸಿನಿಂದ ಯಾರೂ ಇಳಿಯಲಿಲ್ಲ, ಚಾಲಕ ವೇಗ ತಗ್ಗಿಸಿ ನಿಲ್ಲಿಸದೆಯೇ ದಾಟಿಸಿದ. ನಮ್ಮವರು ಅದನ್ನೂ ಸರಿಯಾಗಿ ನೋಡಲಿಲ್ಲ. ಜೇಬಿನ ಪುಸ್ತಕದಲ್ಲಿ ಏನೋ ಲೆಕ್ಕ ಬರೆಯುತ್ತಿದ್ದವರು ಕ್ಯಾಲ್ಗರಿ ಒಂದು ಗಂಟೆ ದೂರವಿದೆ ಎನ್ನುವಾಗ, ‘ಗೊತ್ತಾಯಿತು’ ಎಂದರು.

ಬಸ್ಸಿಳಿಯುವಾಗ ಗೈಡ್‌ಗೂ ಚಾಲಕನಿಗೂ ಲಕೋಟೆಯಲ್ಲಿ ಸ್ವಲ್ಪ ಹಣ ಕೊಡುವುದು ಅಲ್ಲಿನ ರೂಢಿ. ನಾನು ಕೊಟ್ಟು, ನಾನೂ ಒಬ್ಬ ಟೀಚರ್ ಎಂದು ಹೇಳಿದೆ. ಆಕೆ ನಕ್ಕು, ಮೊದಲ ದಿನವೇ ಗೊತ್ತಾಗಿತ್ತು ಎಂದಳು. ನಂತರ ನಮ್ಮವರ ಕೈ ಕುಲುಕುತ್ತ, ‘ನೂರ ಹದಿನೆಂಟು’ ಎಂದು ಕೆಣಕಿದಳು. ‘ಮುಂದೆ ಎರಡು ಎಂಜಿನ್, ನಡುವೆ ಒಂದು. ನೀವು ಎಂಜಿನ್ ಬಿಟ್ಟು ಎಣಿಸಿದ್ದೀರಿ, ಮೇಡಂ’ ಎಂದು ಇವರು ತಮ್ಮ ಸ್ಟೇಷನ್ ಮಾಸ್ಟರ್ ಇಂಗ್ಲಿಷಿನಲ್ಲಿ ಹೇಳಿ ಪುಸ್ತಕದ ಹಾಳೆ ತೋರಿಸಿದರು.